ನಮ್ಮ ನೆನಪು, ನಮ್ಮ ಕವಿತೆ

(ಸಂಘದ ವಾರ್ಷಿಕೋತ್ಸವದ ದಿನ ಮಾಡಿದ ಭಾಷಣದ ಬರಹರೂಪ)



ಸಂಘದ ಹುಡುಗರು ಮನೆಗೆ ಬಂದು "ಸರ್, ಈ ಸಲ ನೀವು ಕವಿತೆ ಬಗ್ಗೆ ಮಾತಾಡಬೇಕ್ರಿ" ಅಂದಾಗ ನಾನು ಮೊದಲು ಒಲ್ಲೆ ಅಂದೆ. ನಾನೇನು ಕವಿಯಲ್ಲ. ಅಕ್ಕಲಕೋಟ ತಾಲೂಕಿನ ಕನ್ನಡ ಸಾಲೆಗಳಲ್ಲಿ ಮೂವತ್ತು ವರ್ಷಕ್ಕೂ ಹೆಚ್ಚು ಕಾಲ ಹುಡುಗರಿಗೆ ಅಕ್ಷರ ಕಲಿಸಿ ನಿವೃತ್ತನಾದವ. ನಾನು ಬರೆದ ಕವಿತೆಗಳನ್ನ ಎಣಿಸಲಿಕ್ಕೆ ಎರಡೂ ಕೈ ಬೇಡ. ಅದರಾಗ ಒಂದು ಕವಿತೆಯಲ್ಲಿ ನಾನು ದೊಡ್ಡ ತಪ್ಪು ಮಾಡಿದೆ. ಆ ತಪ್ಪನ್ನ ನಿಮಗೆ ಹೇಳಬೇಕು ಅನ್ನಿಸಿತು, ಅದಕ್ಕೇ ಬಂದೆ.

ಮುಂಜಾನೆಯ ಕವಿಗೋಷ್ಠಿಯನ್ನ ಪೂರಾ ಕೂತು ಕೇಳಿದೆ. ಹನ್ನೊಂದು ಮಂದಿ ಓದಿದಿರಿ. ಒಬ್ಬ ಹುಡುಗಿ ಕೈ ನಡುಗುತ್ತಿದ್ದರೂ ಕಡೀತನಕ ಓದಿದಳು, ಅದಕ್ಕೆ ಶಾಬಾಸ್ ಅನ್ನಲೇಬೇಕು. ಆದರೆ ಸಿಟ್ಟಾಗಬ್ಯಾಡ್ರಿ, ಒಂದು ಮಾತು ಹೇಳ್ತೀನಿ. ಹನ್ನೊಂದರಲ್ಲಿ ಒಂಬತ್ತು ಕವಿತೆಗಳಲ್ಲಿ ಸೂರ್ಯ ಹುಟ್ಟಿದ. ಎಂಟರಲ್ಲಿ ಬೆಂಕಿ ಹತ್ತಿತು. ಏಳರಲ್ಲಿ ಸಂಕೋಲೆ ಹರಿಯಿತು. ಎಲ್ಲ ಒಳ್ಳೆಯ ಮಾತೇ, ಬಾಬಾಸಾಹೇಬರ ಮೇಲಿನ ಪ್ರೀತಿಯಿಂದ ಬಂದ ಮಾತೇ. ಆದರೆ ಹನ್ನೊಂದೂ ಕವಿತೆ ಕೇಳಿದ ಮೇಲೂ ಇವುಗಳನ್ನ ಬರೆದವರು ಯಾವ ಓಣಿಯವರು, ಅವರ ಅವ್ವ ಏನು ಕೆಲಸ ಮಾಡಿದಳು, ಅವರ ಅಜ್ಜ ಯಾವ ಬಾವಿಯ ನೀರು ಕುಡಿದ ಅನ್ನೋದು ನನಗೆ ತಿಳೀಲಿಲ್ಲ. ನಿಮ್ಮ ಮನೆ ನಿಮ್ಮ ಕವಿತೆಯೊಳಗೆ ಬಂದಿರಲಿಲ್ಲ. ಯಾಕೆ ಬಂದಿಲ್ಲ ಅಂತ ನಿಮ್ಮನ್ನ ಕೇಳುವ ಮೊದಲು ನನ್ನ ಕಥೆ ಹೇಳಬೇಕು.

1972ರ ಬರ ನಿಮ್ಮಲ್ಲಿ ಯಾರಿಗೂ ಗೊತ್ತಿಲ್ಲ, ನಿಮ್ಮ ಅಜ್ಜಿಯರಿಗೆ ಗೊತ್ತು. ನಾನಾಗ ಒಂಬತ್ತು ವರ್ಷದವ. ಹಿಂದಿನ ವರ್ಷಗಳಲ್ಲೇ ಮಳೆ ಕೈಕೊಟ್ಟಿತ್ತು, ಆ ವರ್ಷ ಪೂರ್ತಿ ಹೋಯಿತು. ಸೋಲಾಪುರ ಜಿಲ್ಲೆ, ಉಸ್ಮಾನಾಬಾದ್, ಬೀಡ, ಅಹಮದನಗರ, ಎಲ್ಲ ಕಡೆ ನೆಲ ಬಿರಿಯಿತು. ದನಗಳನ್ನ ಬಂದ ಬೆಲೆಗೆ ಮಾರಿದರು, ಮಾರಲಾಗದವು ಸತ್ತವು. ಸರಕಾರ ದುಷ್ಕಾಳಿ ಕಾಮಗಾರಿ ತೆಗೆಯಿತು. ಕೆರೆ, ರಸ್ತೆ, ಖಡಿ ಒಡೆಯುವ ಕೆಲಸ. 1973ರ ಮೇ ಹೊತ್ತಿಗೆ ಮಹಾರಾಷ್ಟ್ರದಲ್ಲಿ ಸುಮಾರು 50 ಲಕ್ಷ ಮಂದಿ ಆ ಕೆಲಸದ ಮೇಲಿದ್ದರು. ಅದರಾಗ ಒಬ್ಬಳು ನನ್ನವ್ವ. ಆ ಬರದ ಪಾಠದಿಂದಲೇ ರೋಜಗಾರ ಹಮಿ ಯೋಜನೆ ಬೆಳೆದು 1977ರಲ್ಲಿ ಕಾಯ್ದೆಯಾಯಿತು. ಮುಂದೆ ಇಡೀ ದೇಶಕ್ಕೆ ಉದ್ಯೋಗ ಖಾತ್ರಿ ಬಂತಲ್ಲ, ಅದರ ಹಿಂದೆಯೂ ನಮ್ಮ ಅವ್ವಂದಿರು ಒಡೆದ ಕಲ್ಲು ಇದೆ.

ರೇಷನ್ನಿನಲ್ಲಿ ಅಮೆರಿಕದ ಕೆಂಪು ಜೋಳ ಬರುತ್ತಿತ್ತು, ಮಿಲೋ ಅಂತಿದ್ದರು. ರೊಟ್ಟಿ ಬಡಿದರೆ ಹೆಂಚಿನ ಮೇಲೆ ಚೂರಾಗುತ್ತಿತ್ತು. ಕೆಲಸದ ಜಾಗದಲ್ಲಿ ಸುಕಡಿ ಕೊಡುತ್ತಿದ್ದರು. ನಾನು ಅವ್ವನ ಜೊತೆ ಹೋಗುತ್ತಿದ್ದುದೇ ಆ ಸುಕಡಿಯ ಆಸೆಗೆ. ಅವ್ವ ತನ್ನ ಪಾಲಿನದನ್ನ ಸೆರಗಿನಲ್ಲಿ ಕಟ್ಟಿ ನನಗೆ ಕೊಡುತ್ತಿದ್ದಳು. "ನನಗ ಸೇರಂಗಿಲ್ಲೋ, ನೀ ತಿನ್ನು" ಅಂತಿದ್ದಳು. ನಾನು ನಂಬಿದೆ. ಒಂಬತ್ತು ವರ್ಷದ ಹುಡುಗ, ನಂಬಿದೆ.

ಹತ್ತು ವರ್ಷ ಕಳೆದವು. ನಾನು ಓದಿದೆ, ಕವಿತೆ ಬರೆಯುವ ಹುಚ್ಚು ಹತ್ತಿತು. ಒಂದು ಏಪ್ರಿಲ್ 14ರ ಜಯಂತಿಗೆ ಅವ್ವನ ಮೇಲೆ ಒಂದು ಕವಿತೆ ಬರೆದು ಇದೇ ಓಣಿಯ ವೇದಿಕೆಯ ಮೇಲೆ ಓದಿದೆ. ಕಲ್ಲು, ಕಣ್ಣೀರು, ಹಸಿವು, ಸೆರಗಿನ ಸುಕಡಿ, ಎಲ್ಲ ಇತ್ತು. ಚಪ್ಪಾಳೆ ಬಿತ್ತು. ಮುಂದಿನ ಸಾಲಿನಲ್ಲಿ ಕೂತಿದ್ದ ಹೆಂಗಸರು ಕಣ್ಣೊರೆಸಿಕೊಂಡರು. ಅವರ ನಡುವೆ ಅವ್ವ ತಲೆ ಬಗ್ಗಿಸಿ ಕೂತಿದ್ದಳು. ಹೆಮ್ಮೆ ಪಟ್ಟಿರಬೇಕು ಅಂದುಕೊಂಡೆ.

ರಾತ್ರಿ ರೊಟ್ಟಿ ಬಡಿಸಿದಳು, ಮಾತಾಡಲಿಲ್ಲ. ನಾನೇ ಕೇಳಿದೆ, "ಯವ್ವಾ, ಹೆಂಗಿತ್ತು?" ಆಗ ಅಂದಳು:

"ತಮ್ಮಾ, ನಾ ಹಸಕೊಂಡಿದ್ದು ಇಡೀ ಊರಿಗಿ ಹೇಳಿ ಬಂದಿ. ಹೇಳು, ಸುಳ್ಳಲ್ಲ ಅದು. ಆದರ ನಾವು ಅಲ್ಲಿ ದಿನಾ ಹಾಡತಿದ್ದಿವಿ, ಬಿದ್ದು ಬಿದ್ದು ನಗತಿದ್ದಿವಿ. ನೀ ಬಾಜೂಕೇ ಕುಂತಿದ್ದಿ. ಅದು ನಿನಗ ಕೇಳಿಸಲೇ ಇಲ್ಲೇನು?"

ನನಗೆ ಬಾಯಿ ಬರಲಿಲ್ಲ. ಯಾಕಂದರೆ ಕೇಳಿಸಿತ್ತು. ನೆನಪಿತ್ತು. ಬರೆಯುವಾಗ ಅದನ್ನ ಬಿಟ್ಟಿದ್ದೆ. ದಲಿತ ಕವಿತೆ ಅಂದರೆ ಅವ್ವ ಅಳಬೇಕು ಅಂತ ಯಾರೋ ನನ್ನ ತಲೆಯಲ್ಲಿ ತುಂಬಿದ್ದರು.

ಆ ಹಾಡು ಏನಿತ್ತು ಹೇಳ್ತೀನಿ. ಕೆಲಸ ನೋಡಿಕೊಳ್ಳುವ ಮುಕಾದಮ ಬೇರೆ ಕಡೆಯವ, ಮರಾಠಿಯವ. ಕನ್ನಡ ಒಂದು ಅಕ್ಷರ ಬರುತ್ತಿರಲಿಲ್ಲ. ಖಡಿ ರಾಶಿ ಅಳೆಯುವಾಗ ದಿನಾ ಅಳತೆ ಕಡಿಮೆ ಹಾಕುತ್ತಿದ್ದ, ಅದರ ಮೇಲೆ ಕೂಲಿ ಕಡಿಮೆಯಾಗುತ್ತಿತ್ತು. ಎದುರು ಮಾತಾಡಿದರೆ ಮಸ್ಟರಿನಿಂದ ಹೆಸರು ಹೋಗುತ್ತಿತ್ತು. ಅದಕ್ಕೆ ನಮ್ಮ ಹೆಂಗಸರು ಬೀಸೋಕಲ್ಲಿನ ಪದದ ಧಾಟಿಯಲ್ಲಿ ಅವನ ಮೇಲೇ ಹಾಡು ಕಟ್ಟಿದರು. ಅವನ ಟೇಪು ಹೆಂಗ ಕುಗ್ಗುತ್ತದೆ, ಅವನ ಹೊಟ್ಟೆ ಹೆಂಗ ಹಿಗ್ಗುತ್ತದೆ, ಇಲ್ಲಿ ಕದ್ದ ಖಡಿಯಿಂದ ಅವನು ಯಾವ ಮನೆ ಕಟ್ಟುತ್ತಾನೆ, ಎಲ್ಲ ಬರುತ್ತಿತ್ತು. ಅವನು ದೇವರ ಪದ ಅಂತ ತಿಳಿದು ತಲೆದೂಗುತ್ತಿದ್ದ. ಒಂದು ದಿನ ಕೈ ಮುಗಿದೂ ಬಿಟ್ಟ. ಆವತ್ತು ನಗು ತಡೆಯಲಾಗದೆ ಒಬ್ಬ ಅಕ್ಕ ಸುತ್ತಿಗೆಯನ್ನ ಬೆರಳಿನ ಮೇಲೆ ಹೊಡೆದುಕೊಂಡಳು.

ನೋಡ್ರಿ, ಈ ಗಡಿಯಲ್ಲಿ ಕನ್ನಡದ ಬಗ್ಗೆ ಎಷ್ಟೋ ಭಾಷಣ ಆಗ್ತಾವ. ನನ್ನ ಮಟ್ಟಿಗೆ ಕನ್ನಡ ಅಂದರೆ ಆ ಹಾಡು. ಬಾಯಿ ತೆರೆಯಲು ಹೆದರಿಕೆ ಇದ್ದ ಜಾಗದಲ್ಲಿ ನಮ್ಮ ಹೆಂಗಸರು ತಮ್ಮ ಭಾಷೆಯ ಮರೆಯಲ್ಲಿ ಕೂತು ಖರೆ ಹೇಳಿದರು. ಅದು ಬರದ ಕವಿತೆ. ನನ್ನ ಕವಿತೆಯಲ್ಲಿ ಅದೇ ಇರಲಿಲ್ಲ.

ಆ ಎರಡೇ ವರ್ಷಗಳಲ್ಲಿ, ಆಚೆಗೂ ಈಚೆಗೂ, ಏನೇನಾಯಿತು ಅನ್ನೋದನ್ನ ಜೋಡಿಸಿ ನೋಡ್ರಿ. 1972ರಲ್ಲಿ ಮುಂಬೈಯಲ್ಲಿ ದಲಿತ ಪ್ಯಾಂಥರ್ ಹುಟ್ಟಿತು. ಅದನ್ನ ಕಟ್ಟಿದವರು ನಾಮದೇವ ಢಸಾಳ, ಜ. ವಿ. ಪವಾರ, ರಾಜಾ ಢಾಲೆ, ಎಲ್ಲರೂ ಬರೆಯುವ ಹುಡುಗರು. ಅದೇ ವರ್ಷ ಢಸಾಳರ 'ಗೋಲಪಿಠಾ' ಬಂತು. ಗೋಲಪಿಠಾ ಅಂದರೆ ಮುಂಬೈಯ ವೇಶ್ಯೆಯರ ಓಣಿ. ಪುಣೆ ಕಡೆಯ ಹಳ್ಳಿಯಿಂದ ಬಂದ ಢಸಾಳ ಅಲ್ಲೇ ಬೆಳೆದವರು, ಟ್ಯಾಕ್ಸಿ ಓಡಿಸಿದವರು. ಆ ಓಣಿಯ ಮಾತು ಮರಾಠಿ ಸಾಹಿತ್ಯದ ದೊಡ್ಡವರಿಗೆ ಅರ್ಥವಾಗಲಿಲ್ಲ. ಮುನ್ನುಡಿ ಬರೆದ ವಿಜಯ ತೆಂಡೂಲ್ಕರರಂಥವರೂ ಆ ಲೋಕವನ್ನ ಅವರಿಂದ ಕೇಳಿ ತಿಳಿಯಬೇಕಾಯಿತು. ಢಸಾಳ ಚಂದದ ಮರಾಠಿ ಕಲಿತು ಕವಿಯಾಗಲಿಲ್ಲ. ತಮ್ಮ ಓಣಿಯ ಮರಾಠಿಯನ್ನೇ ಕವಿತೆ ಮಾಡಿದರು.

ಆಚೆ ಕರ್ನಾಟಕದಲ್ಲಿ 1973ರ ನವೆಂಬರಿನಲ್ಲಿ ಬೂಸಾ ಗಲಾಟೆ ಆಯಿತು. ಮಂತ್ರಿ ಬಿ. ಬಸವಲಿಂಗಪ್ಪ ಮೈಸೂರಿನ ಒಂದು ಸಭೆಯಲ್ಲಿ ಕನ್ನಡ ಸಾಹಿತ್ಯದಲ್ಲಿ ಬಹಳಷ್ಟು ಬೂಸಾ ಇದೆ ಅಂದರು. ದನಕ್ಕೆ ಹಾಕುವ ಬೂಸಾ. ಊರೂರಲ್ಲಿ ಗದ್ದಲವೆದ್ದಿತು, ದಲಿತ ವಿದ್ಯಾರ್ಥಿಗಳಿಗೆ ಏಟು ಬಿತ್ತು, ಬಸವಲಿಂಗಪ್ಪನವರು ಮಂತ್ರಿಗಿರಿ ಬಿಡಬೇಕಾಯಿತು. ಆದರೆ ಆ ಏಟು ತಿಂದ ತಲೆಮಾರು ಸುಮ್ಮನಾಗಲಿಲ್ಲ. ಹಾಗಾದರೆ ಬೂಸಾ ಅಲ್ಲದ ಸಾಹಿತ್ಯ ಯಾವುದು ಅಂತ ತಾವೇ ಬರೆದು ತೋರಿಸಿತು. 1975ರಲ್ಲಿ ಸಿದ್ಧಲಿಂಗಯ್ಯನವರ 'ಹೊಲೆಮಾದಿಗರ ಹಾಡು' ಬಂತು. ದಲಿತ ಸಂಘರ್ಷ ಸಮಿತಿಯ ಜಾಥಾಗಳಲ್ಲಿ ಅವರ ಹಾಡು ಹಳ್ಳಿ ಹಳ್ಳಿ ಮುಟ್ಟಿತು. ನಮ್ಮ ಕೈಗೆ ಆ ಪುಸ್ತಕ ಬಂದದ್ದು ತಡವಾಗಿ. ಗುಲಬರ್ಗಾದಲ್ಲಿ ಓದುತ್ತಿದ್ದ ಗೆಳೆಯನೊಬ್ಬ ರೈಲಿನಲ್ಲಿ ತಂದು ಅಕ್ಕಲಕೋಟ ರೋಡ್ ಸ್ಟೇಷನ್ನಿನಲ್ಲಿ ಕೊಟ್ಟ. ಓದಿ ಓದಿ ಹೊಲಿಗೆ ಬಿಚ್ಚಿ ಹೋಯಿತು, ನಾವು ನೋಟಬುಕ್ಕಿನಲ್ಲಿ ನಕಲು ಮಾಡಿಕೊಂಡಿವಿ.

ಅದೇ ಸಿದ್ಧಲಿಂಗಯ್ಯನವರು ಮುಂದೆ 'ಊರುಕೇರಿ' ಅಂತ ತಮ್ಮ ಕಥೆ ಬರೆದರು. ಅದು ಶುರುವಾಗುವುದೇ ಮಾಗಡಿ ಕಡೆಯ ಮಂಚನಬೆಲೆಯ ಬಾಲ್ಯದಿಂದ. ಅದರಲ್ಲಿ ಒಂದು ನೋಟ ಇದೆ. ಹೊಲದಲ್ಲಿ ಇಬ್ಬರು ಮನುಷ್ಯರ ಹೆಗಲ ಮೇಲೆ ನೊಗ ಇಟ್ಟು ಮತ್ತೊಬ್ಬ ನೇಗಿಲು ಹೊಡೆಯುತ್ತಿದ್ದಾನೆ. ನೊಗ ಹೊತ್ತವರಲ್ಲಿ ಒಬ್ಬರು ಅವರ ಅಪ್ಪ. ಅಲ್ಲಿ ಬೈಗುಳ ಇಲ್ಲ, ಘೋಷಣೆ ಇಲ್ಲ. ಹುಡುಗ ಕಂಡದ್ದು ಕಂಡಂಗೆ ಇದೆ. ಓದಿದವ ಮಾತ್ರ ಆ ರಾತ್ರಿ ನಿದ್ದೆ ಮಾಡಲಾರ. ಅದೇ ಪುಸ್ತಕದಲ್ಲಿ ನಗು ಎಷ್ಟಿದೆ ಅಂದರೆ, ಬಡತನದ ಕಥೆ ಓದುತ್ತ ಗಟ್ಟಿಯಾಗಿ ನಗುತ್ತೀರಿ. ಅದನ್ನ ಓದಿದಾಗ ಅವ್ವನ ಮಾತು ಮತ್ತೆ ಕಿವಿಯಲ್ಲಿ ಬಂತು. ಅವರು ಅಳುವನ್ನೂ ಬಿಟ್ಟಿರಲಿಲ್ಲ, ನಗುವನ್ನೂ ಬಿಟ್ಟಿರಲಿಲ್ಲ.

ಇದು ಇವತ್ತಿನ ಮಾತೂ ಅಲ್ಲ. ನಮ್ಮದೇ ಜಿಲ್ಲೆಯ ಮಂಗಳವೇಢೆಯಲ್ಲಿ ಚೋಖಾಮೇಳ ಬಾಳಿದ. ಪಂಢರಪುರದ ವಿಠ್ಠಲನನ್ನ ಹಾಡಿ ಹೊಗಳಿದ, ಗುಡಿಯೊಳಗೆ ಕಾಲಿಡಲು ಬಿಡಲಿಲ್ಲ. ಅವನ ಹೆಂಡತಿ ಸೋಯರಾಬಾಯಿ ಹಾಡು ಕಟ್ಟಿದಳು, ಮಗ ಕರ್ಮಮೇಳ ಈ ಹುಟ್ಟು ಯಾಕೆ ಕೊಟ್ಟಿ ಅಂತ ದೇವರನ್ನೇ ಕೇಳಿದ. ಆಚೆ ಕಲ್ಯಾಣದಲ್ಲಿ ಹನ್ನೆರಡನೇ ಶತಮಾನದ ದೊಡ್ಡ ಕ್ರಾಂತಿಯ ಕಾಲಕ್ಕೆ ಚರ್ಮ ಹದಮಾಡುವ ಡೋಹರ ಕಕ್ಕಯ್ಯ ವಚನ ಬರೆದ. ಉರಿಲಿಂಗಪೆದ್ದಿ ಬರೆದ, ಅವನ ಹೆಂಡತಿ ಕಾಳವ್ವೆ ಬರೆದಳು. 1855ರಲ್ಲಿ ಪುಣೆಯಲ್ಲಿ ಫುಲೆ ದಂಪತಿಗಳ ಸಾಲೆಯಲ್ಲಿ ಓದುತ್ತಿದ್ದ ಮುಕ್ತಾ ಸಾಳವೆ ಅನ್ನೋ ಮಾಂಗ ಜಾತಿಯ ಹುಡುಗಿ ಮಾಂಗ-ಮಹಾರರ ದುಃಖದ ಮೇಲೆ ಪ್ರಬಂಧ ಬರೆದಳು, 'ಜ್ಞಾನೋದಯ' ಪತ್ರಿಕೆಯಲ್ಲಿ ಅಚ್ಚಾಯಿತು. ಮುಂಜಾನೆ ಕೈ ನಡುಗುತ್ತ ಓದಿದಳಲ್ಲ ಆ ತಂಗಿ, ಅವಳಿಗೆ ಹೇಳ್ತೀನಿ: ಮುಕ್ತಾ ಬರೆದಾಗ ನಿನಗಿಂತ ಸಣ್ಣವಳಿದ್ದಳು.

ಈಗ ಹೇಳಲಿಕ್ಕೆ ಕಷ್ಟವಾದ ಮಾತಿಗೆ ಬರ್ತೀನಿ. ನಮ್ಮ ಮನೆ ಕವಿತೆಯೊಳಗೆ ಯಾಕೆ ಬರುವುದಿಲ್ಲ? ಮೊದಲನೇ ಕಾರಣ ನಾಚಿಕೆ. 1978ರಲ್ಲಿ ದಯಾ ಪವಾರರು 'ಬಲುತಂ' ಬರೆದಾಗ, ಈ ಹಳೇ ಕಸ ಯಾಕೆ ಕೆದಕಬೇಕಿತ್ತು ಅಂತ ಓದಿದ ನಮ್ಮವರಲ್ಲೇ ಕೆಲವರು ಬೇಸರ ಮಾಡಿಕೊಂಡರು. ಈಗ ನೌಕರಿ ಇದೆ, ಮಾಳಿಗೆ ಮನೆ ಇದೆ, ಮಕ್ಕಳ ಗೆಳೆಯರು ಮನೆಗೆ ಬರ್ತಾರೆ, ಸತ್ತ ದನದ ಮಾತು ಯಾಕೆ ಅನ್ನೋ ನಾಚಿಕೆ. ನನಗೂ ಇತ್ತು. ಆದರೆ ವಿಚಾರ ಮಾಡ್ರಿ, ಆ ಕೆಲಸ ಮಾಡಿದವರು ನಾಚಬೇಕೋ, ಮಾಡಿಸಿದವರು ನಾಚಬೇಕೋ?

ಎರಡನೇ ಕಾರಣ ಅದಕ್ಕಿಂತ ಕಷ್ಟದ್ದು. ನಮ್ಮ ನೆನಪಿನಲ್ಲಿ ನಾವೇ ತಪ್ಪಿತಸ್ಥರಾದ ಜಾಗಗಳಿವೆ. 1927ರ ಮಾರ್ಚ್ 20ರಂದು ಬಾಬಾಸಾಹೇಬರು ಮಹಾಡದ ಚವದಾರ ಕೆರೆಯ ನೀರು ಮುಟ್ಟಿದರು. ಅದನ್ನ ವರ್ಷಾ ಹಾಡ್ತೀವಿ. ಆದರೆ ಆ ಬರದ ವರ್ಷ ನಮ್ಮ ಕೇರಿಯ ಬಾವಿಯಲ್ಲಿ ಒಂದು ಮೊಳ ನೀರು ಉಳಿದಿತ್ತು. ಮಾದಿಗರ ಹೆಣ್ಣುಮಕ್ಕಳು ಕೊಡ ಹಿಡಿದು ದೂರ ನಿಂತಿರುತ್ತಿದ್ದರು. ನಮ್ಮವರು, ಹೊಲೆಯರು, ತಾವು ಸೇದಿದ ಮೇಲೆ ಮೇಲಿನಿಂದ ಅವರ ಕೊಡಕ್ಕೆ ಸುರಿಯುತ್ತಿದ್ದರು. ಮುಟ್ಟಗೊಡುತ್ತಿರಲಿಲ್ಲ. ನಾನು ನೋಡೀನಿ. ನನ್ನ ಮನೆಯವರೂ ಸುರಿದಾರೆ. ಊರವರು ನಮಗೆ ಮಾಡಿದ್ದನ್ನೇ ನಾವು ಅವರಿಗೆ ಮಾಡಿದಿವಿ. ಸಿದ್ಧಲಿಂಗಯ್ಯನವರು ಪುಸ್ತಕದ ಹೆಸರಿನಲ್ಲೇ ಇಬ್ಬರನ್ನೂ ಕೂಡಿಸಿ ಬರೆದರು. ಓದಿ ಮೆಚ್ಚಿದ ನಾವು ಬಾವಿಯ ಹತ್ತಿರ ಅದನ್ನ ಎಷ್ಟು ವರ್ಷ ಮರೆತಿವಿ! ಆ ಬಾವಿಯ ಮೇಲೆ ನಾನು ಇಂದಿನತನಕ ಕವಿತೆ ಬರೆದಿಲ್ಲ. ಧೈರ್ಯ ಸಾಲಲಿಲ್ಲ. ಇವತ್ತು ಮೈಕಿನಲ್ಲಿ ಹೇಳಿದೆ. ಬರೆಯುವವರು ನಿಮ್ಮಲ್ಲಿ ಯಾರಾದರೂ ಬರೀರಿ. ಮೇಲಿನಿಂದ ನೀರು ಸುರಿದವರ ಮನೆಯವರು ಬರೆದರೆ ಒಂದು ಕವಿತೆ, ದೂರ ನಿಂತವರ ಮನೆಯವರು ಬರೆದರೆ ಇನ್ನೊಂದು. ಎರಡೂ ಬೇಕು.

ಗಲಾಟೆಯ ಕಾಲದ ನೆನಪು ಹೇಗಿರುತ್ತದೆ ಅನ್ನೋದಕ್ಕೆ ಇನ್ನೊಂದು ಹೇಳ್ತೀನಿ. 1978ರ ಜುಲೈ 27ರಂದು ಮರಾಠವಾಡಾ ವಿದ್ಯಾಪೀಠಕ್ಕೆ ಬಾಬಾಸಾಹೇಬರ ಹೆಸರಿಡುವ ಠರಾವು ವಿಧಾನಮಂಡಳದಲ್ಲಿ ಪಾಸಾಯಿತು. ಹೆಸರಿಗಾಗಿ ಊರೂರು ಸುಟ್ಟರು. ನಮ್ಮವರ ಮನೆಗಳಿಗೆ ಬೆಂಕಿ ಬಿತ್ತು, ಜನ ಸತ್ತರು. 1979ರಲ್ಲಿ ಲಾಂಗ್ ಮಾರ್ಚ್ ನಡೆಯಿತು. ಹೆಸರು ಬದಲಾಗಲಿಕ್ಕೆ 1994ರ ಜನವರಿ 14ರತನಕ ಕಾಯಬೇಕಾಯಿತು. ಅದೂ ಪೂರ್ತಿ ಬದಲಾಗಲಿಲ್ಲ, ಡಾ. ಬಾಬಾಸಾಹೇಬ ಅಂಬೇಡ್ಕರ ಮರಾಠವಾಡಾ ವಿದ್ಯಾಪೀಠ ಅಂತ ಎರಡೂ ಹೆಸರು ಉಳಿದವು. ಇದೆಲ್ಲ ಪುಸ್ತಕದಲ್ಲಿ ಸಿಗುತ್ತದೆ.

ಪುಸ್ತಕದಲ್ಲಿ ಸಿಗದ್ದು ಇದು. ಆಗ ನನಗೆ ಹದಿನೈದು. ಮರಾಠವಾಡಾ ಕಡೆಯ ನಮ್ಮ ಒಬ್ಬ ಸೋದರತ್ತೆ ಮಕ್ಕಳನ್ನ ಕಟ್ಟಿಕೊಂಡು ರಾತ್ರೋರಾತ್ರಿ ನಮ್ಮ ಮನೆಗೆ ಬಂದಳು. ಜೊತೆಗೆ ಅರ್ಧ ಚೀಲ ಜೋಳ ತಂದಿದ್ದಳು. ಸುಟ್ಟ ಮನೆಯಿಂದ ಉಳಿಸಿದ ಜೋಳ. ಅವ್ವ ಅದನ್ನ ಬೀಸಿ ರೊಟ್ಟಿ ಮಾಡಿದಳು. ರೊಟ್ಟಿಗೆ ಹೊಗೆಯ ವಾಸನೆ. ಎಂಟು ದಿನ ಅದೇ ರೊಟ್ಟಿ ತಿಂದಿವಿ. ವಾಸನೆ ಬರ್ತದ ಅಂತ ಮನೆಯಲ್ಲಿ ಒಬ್ಬರೂ ಬಾಯಿ ಬಿಡಲಿಲ್ಲ, ಸಣ್ಣ ಹುಡುಗರು ಕೂಡ. ಅತ್ತೆಯ ಮುಂದೆ ಹೇಳಬಾರದು ಅಂತ ಯಾರೂ ಕಲಿಸಿರಲಿಲ್ಲ. ನಾಮಾಂತರದ ಬಗ್ಗೆ ನಾನು ಬಹಳ ಭಾಷಣ ಕೇಳೀನಿ. ಆದರೆ ನಾಮಾಂತರ ಅಂದಕೂಡಲೇ ನನ್ನ ಮೂಗಿಗೆ ಬರುವುದು ಆ ರೊಟ್ಟಿ. ತಮ್ಮಂದಿರೇ, ಬೆಂಕಿ ಬೆಂಕಿ ಅಂತ ಎಂಟು ಸಲ ಬರೆಯುವ ಬದಲು ಆ ಥರದ ಒಂದು ರೊಟ್ಟಿಯ ಬಗ್ಗೆ ಬರೀರಿ. ಬೆಂಕಿ ತಾನೇ ಬರ್ತದ.

ಹಾಗಂತ ಘೋಷಣೆ ಬೇಡ ಅಂತಲ್ಲ. ಮೋರ್ಚಾದಲ್ಲಿ ಘೋಷಣೆ ಬೇಕೇ ಬೇಕು, ಅಲ್ಲಿ ನಾನೂ ಕೂಗೀನಿ. ಆದರೆ ಘೋಷಣೆ ಎಲ್ಲರದು, ನೆನಪು ನಿಮ್ಮೊಬ್ಬರದು. ನೀವು ಬರೆಯದಿದ್ದರೆ ಬೇರೆ ಯಾರೂ ಬರೆಯಲಾರರು.

ಇನ್ನು ಯಾವ ಭಾಷೆಯಲ್ಲಿ ಬರೀಬೇಕು ಅಂತ ಹುಡುಗರು ಕೇಳ್ತಾರೆ. ಚಳವಳಿ ನಮಗೆ ಮರಾಠಿಯಲ್ಲಿ ಬಂತು. ಜಲಸಾ ಮರಾಠಿ, ಭೀಮಗೀತೆ ಮರಾಠಿ, ಅರ್ಜಿ ಮರಾಠಿ. ಮನೆಯಲ್ಲಿ ಅತ್ತದ್ದು, ಬೈದದ್ದು, ಜೋಗುಳ ಹಾಡಿದ್ದು ಕನ್ನಡ. ಅದೂ ಈ ಸೀಮೆಯ ಕನ್ನಡ, ಅರ್ಧ ಮರಾಠಿ ಬೆರೆತದ್ದು. ಬೆಂಗಳೂರಿನವರಿಗೆ ಇದು ಶುದ್ಧ ಅನ್ನಿಸುವುದಿಲ್ಲ. ಆಗಲಿ ಬಿಡ್ರಿ. ನಿಮ್ಮ ಅವ್ವ ಯಾವ ಮಾತಿನಲ್ಲಿ ಹೇಳಿದಳೋ ಆ ಮಾತಿನಲ್ಲಿ ಬರೀರಿ. 'ಖಡಿ' ಅಂದದ್ದನ್ನ 'ಜಲ್ಲಿಕಲ್ಲು' ಅಂತ ತಿದ್ದಿದರೆ ಅವಳ ಕೈಯಲ್ಲಿದ್ದ ಕಲ್ಲು ಬೇರೆಯವರ ಕಲ್ಲಾಗ್ತದ.

ಕಡೆಯದಾಗಿ ನನ್ನ ತಪ್ಪಿನ ಉಳಿದ ಅರ್ಧ. ಅವ್ವ ಆ ಮಾತು ಹೇಳಿದ ಮೇಲೆ "ಆ ಹಾಡು ಹೇಳು ಯವ್ವಾ, ಬರಕೋತೀನಿ" ಅಂದೆ. ಎರಡು ಹಾಡು ಹೇಳಿದಳು, ಬರಕೊಂಡೆ. "ಇನ್ನ ಭಾಳ ಅದಾವ, ಒಬ್ಬಾಕಿಗೇ ಬರಂಗಿಲ್ಲ, ನಾಕು ಮಂದಿ ಕೂತರ ನೆನಪಾಗತಾವ" ಅಂದಳು. ಆ ನಾಕು ಮಂದಿಯನ್ನ ಕೂಡಿಸೋಣ ಅಂದುಕೊಂಡೆ. ನೌಕರಿ ಸಿಕ್ಕಿತು, ಬದಲಿ ಆಯಿತು, ಮದುವೆ, ಮಕ್ಕಳು. ಇವತ್ತು ನಾಳೆ ಅಂತ ದಿನ ಹೋದವು. ಒಬ್ಬೊಬ್ಬರೇ ಹೋದರು, ಅವ್ವನೂ ಹೋದಳು. ನನ್ನ ಹತ್ತಿರ ಉಳಿದದ್ದು ಎರಡೇ ಹಾಡು. ಮಹಾರಾಷ್ಟ್ರದ ಹಳ್ಳಿಗಳಲ್ಲಿ ಹೇಮಾ ರಾಯರಕರ, ಗೀ ಪಾತ್ವಾ ಮತ್ತು ಅವರ ಜೊತೆಗಾರರು ಹೆಂಗಸರ ಬೀಸೋಕಲ್ಲಿನ ಪದಗಳನ್ನ ಒಂದು ಲಕ್ಷಕ್ಕೂ ಹೆಚ್ಚು ಕೂಡಿಹಾಕಿದರು. ಬಾಬಾಸಾಹೇಬರ ಮೇಲೆ ಕಟ್ಟಿದ ಪದಗಳೂ ಅದರಲ್ಲಿವೆ. ಅಷ್ಟು ದೊಡ್ಡ ಕೆಲಸ ಮಾಡಿದವರಿದ್ದಾರೆ, ನಾನು ನನ್ನ ಮನೆಯ ನಾಕು ಹೆಂಗಸರನ್ನ ಒಂದು ಸಂಜೆ ಕೂಡಿಸಲಿಲ್ಲ.

ಅದಕ್ಕೇ ಸಂಘಕ್ಕೆ ನನ್ನದೊಂದು ವಿನಂತಿ. ನಿಮ್ಮೆಲ್ಲರ ಕೈಯಲ್ಲಿ ಮೊಬೈಲ್ ಇದೆ. ಈ ಓಣಿಯಲ್ಲಿ ಎಪ್ಪತ್ತು ದಾಟಿದ ಅಜ್ಜಿಯರು ಎಷ್ಟು ಮಂದಿ ಇದ್ದಾರೆ, ಪಟ್ಟಿ ಮಾಡ್ರಿ. ನಾಕು ನಾಕು ಮಂದಿಯನ್ನ ಕೂಡಿಸಿ ಚಹಾ ಕೊಟ್ಟು ಕೇಳ್ರಿ. ಬರದಾಗ ಏನು ಉಂಡಿರಿ, ಕೂಲಿ ಎಷ್ಟು ಕೊಟ್ಟರು, ಏನು ಹಾಡಿದಿರಿ, ಯಾವುದಕ್ಕೆ ನಕ್ಕಿರಿ. ಊರಿನ ಹೆಸರು, ವರ್ಷ, ಬಾವಿಯ ಹೆಸರು ಬರಕೋರಿ. ಬರೆದ ಮೇಲೆ ವೇದಿಕೆಗೆ ಒಯ್ಯುವ ಮೊದಲು ಅವರ ಮುಂದೆ ಓದ್ರಿ. ಅವರು "ಹಿಂಗಲ್ಲ ತಮ್ಮಾ" ಅಂದರೆ ತಿದ್ದಿರಿ. ಆ ನೆನಪು ಮೊದಲು ಅವರದು, ಆಮೇಲೆ ನಮ್ಮ ಕವಿತೆ. ನಾನು ಹಂಗ ಮಾಡಲಿಲ್ಲ, ನೀವಾದರೂ ಮಾಡ್ರಿ.

ಮುಂದಿನ ವರ್ಷದ ಕವಿಗೋಷ್ಠಿಗೂ ಬರ್ತೀನಿ. ಸೂರ್ಯನೂ ಹುಟ್ಟಲಿ, ಬ್ಯಾಡ ಅನ್ನಂಗಿಲ್ಲ. ಆದರೆ ಅವನು ಹುಟ್ಟುವಾಗ ನಿಮ್ಮ ಮನೆಯ ಅಂಗಳದಲ್ಲಿ ಯಾರು ಕೂತಿದ್ದರು, ಏನು ಮಾಡುತ್ತಿದ್ದರು ಅನ್ನೋದನ್ನೂ ಹೇಳ್ರಿ. ಅದನ್ನ ಕೇಳಲಿಕ್ಕೆ ನಾನು ಮುಂದಿನ ಸಾಲಿನಲ್ಲೇ ಕೂತಿರ್ತೀನಿ.